ತೆಂಗಿನಕಾಯಿ ಹಿಡಿದು ಕೊಡಗಿಗೆ ಬಂದ ಪಕ್ಷ

ಕೊಡಗಿನಲ್ಲಿ ತೆಂಗಿನಕಾಯಿ ಗುರುತಿಗೆ ಓಟು ಕೇಳುವ ಮೊದಲು ಯಡಿಯೂರಪ್ಪನವರ ಕೆಜೆಪಿಯವರಿಗೆ ಯಾರಾದರೂ ಕೊಡವರ ಕೈಲ್ ಮುಹೂರ್ತ ಹಬ್ಬವೊಂದನ್ನು ತೋರಿಸಬೇಕಿತ್ತು. ಸೆಪ್ಟೆಂಬರ್ ಮೊದಲ ವಾರ. ಕೋವಿಗೆ ಪೂಜೆ, ಹೊಟ್ಟೆಗೆ ಕಡಂಬುಟ್ಟು, ಪಂದಿಕರಿ. ಆಮೇಲೆ ಊರಿನ ಮೈದಾನದಲ್ಲಿ ಮರದ ತುದಿಗೆ ತೆಂಗಿನಕಾಯಿ ಕಟ್ಟಿ ಒಬ್ಬೊಬ್ಬರಾಗಿ ಗುಂಡು ಹೊಡೆಯುವುದು. ಕಾಯಿ ಚೂರಾದರೆ ಶಿಳ್ಳೆ, ಚಪ್ಪಾಳೆ, ಹೊಡೆದವನಿಗೆ ಬಹುಮಾನ. ಕೋವಿ ಇಟ್ಟುಕೊಳ್ಳಲು ಲೈಸೆನ್ಸಿನ ವಿನಾಯಿತಿಯೇ ಇರುವ ಜನರ ಮುಂದೆ ನಿಂತು ‘ತೆಂಗಿನಕಾಯಿ ನೋಡಿ ಒತ್ತಿ’ ಎಂದರೆ ಬೆರಳು ಬಟನ್ ಹುಡುಕುತ್ತದೋ, ಟ್ರಿಗರ್ ಹುಡುಕುತ್ತದೋ?

ಪಕ್ಷದ ಚರಿತ್ರೆ ಒಂದು ಚೀಟಿಯಲ್ಲಿ ಹಿಡಿಯುವಷ್ಟು. ಬಿಜೆಪಿ ಬಿಟ್ಟ ಯಡಿಯೂರಪ್ಪನವರು 2012ರ ಡಿಸೆಂಬರಿನಲ್ಲಿ ಹಾವೇರಿಯಲ್ಲಿ ಸಮಾವೇಶ ನಡೆಸಿ ಕರ್ನಾಟಕ ಜನತಾ ಪಕ್ಷದ (ಕೆಜೆಪಿ) ಗದ್ದುಗೆ ಏರಿದರು. ಆ ಪಕ್ಷವೂ ಅವರು ಕಟ್ಟಿದ್ದಲ್ಲ, ಬೇರೊಬ್ಬರು ಮೊದಲೇ ನೋಂದಾಯಿಸಿ ಇಟ್ಟದ್ದು. ಅಂದರೆ ಬಾಡಿಗೆ ಮನೆ. 2013ರ ಮೇ ಚುನಾವಣೆಯಲ್ಲಿ ನೂರಕ್ಕೆ ಹತ್ತರ ಆಸುಪಾಸು ಮತ ಬಂತು, ಸೀಟು 6. 2014ರ ಜನವರಿಯಲ್ಲಿ ಯಡಿಯೂರಪ್ಪನವರು ತವರಿಗೆ, ಅಂದರೆ ಬಿಜೆಪಿಗೆ ವಾಪಸ್. ನಮ್ಮಲ್ಲಿ ರೊಬಸ್ಟಾ ಕಾಫಿ ಗಿಡ ನೆಟ್ಟವನು ಫಸಲು ನೋಡಲು ಮೂರ್ನಾಲ್ಕು ವರ್ಷ ಕಾಯುತ್ತಾನೆ. ಇವರದು ನಾಟಿ, ಹೂವು, ಕೊಯ್ಲು, ಕೊನೆಗೆ ತೋಟದ ಮಾರಾಟ, ಎಲ್ಲವೂ ಹದಿಮೂರು ತಿಂಗಳಲ್ಲಿ ಮುಗಿಯಿತು.

ಆರೇ ಸೀಟಾ ಎಂದು ನಗುವವರಿಗೆ ಒಡೆದ ಪಕ್ಷದ ಲೆಕ್ಕ ಗೊತ್ತಿಲ್ಲ. ಇಂಥ ಪಕ್ಷದ ಸಾಧನೆಯನ್ನು ಗೆದ್ದ ಸೀಟಿನಲ್ಲಿ ಅಳೆಯಬಾರದು, ಅಣ್ಣನ ಮನೆಯಲ್ಲಿ ಎಷ್ಟು ಹೆಂಚು ಹಾರಿತು ಎಂದು ನೋಡಬೇಕು. 2008ರಲ್ಲಿ 110 ಇದ್ದ ಬಿಜೆಪಿ 2013ರಲ್ಲಿ 40ಕ್ಕೆ ಇಳಿಯಿತು. ಹೆಂಚು ಹಾರಿಸಿದವರನ್ನೇ ಆಮೇಲೆ ಹೂಮಾಲೆ ಹಾಕಿ ಒಳಗೆ ಕರೆದರು. ಮನೆ ರಿಪೇರಿಗೆ ಬೇರೆ ಮೇಸ್ತ್ರಿ ಇರಲಿಲ್ಲವಲ್ಲ!

ಆದರೆ ಕೊಡಗಿನಲ್ಲಿ ಹೆಂಚೂ ಹಾರಲಿಲ್ಲ. ರಾಜ್ಯವಿಡೀ ಮಕಾಡೆ ಮಲಗಿದ ಬಿಜೆಪಿ ಮಡಿಕೇರಿ, ವಿರಾಜಪೇಟೆ ಎರಡನ್ನೂ ಉಳಿಸಿಕೊಂಡಿತು. ಅದರಲ್ಲೂ ವಿರಾಜಪೇಟೆಯಲ್ಲಿ ಗೆದ್ದವರು ಕೆ.ಜಿ. ಬೋಪಯ್ಯ. 2010ರ ಅಕ್ಟೋಬರಿನಲ್ಲಿ ಸ್ಪೀಕರ್ ಕುರ್ಚಿಯಲ್ಲಿ ಕೂತು 16 ಶಾಸಕರನ್ನು ಅನರ್ಹಗೊಳಿಸಿದ್ದು ಇವರೇ. ಯಡಿಯೂರಪ್ಪನವರ ಸರ್ಕಾರ ಬದುಕಿದ್ದೂ ಹಾಗೆಯೇ. ಆ ಆದೇಶವನ್ನು ಮರುವರ್ಷ ಸುಪ್ರೀಂ ಕೋರ್ಟ್ ರದ್ದು ಮಾಡಿತು, ಅದು ಬೇರೆ ಮಾತು. ಸರ್ಕಾರಕ್ಕಾಗಿ ಇಷ್ಟು ಮಾಡಿದವರು, ನಾಯಕರು ಗಂಟುಮೂಟೆ ಕಟ್ಟಿ ಹೊರಟಾಗ ಮಾತ್ರ ಕೂತಲ್ಲಿಂದ ಅಲುಗಲಿಲ್ಲ. ನಿಷ್ಠೆಗೂ ಕ್ಷೇತ್ರದ ಗಡಿ ಇರುತ್ತದೆ.

ಇಂಥ ಕಾಲದಲ್ಲಿ ಭವಿಷ್ಯ ಬಲ್ಲವನು ಬೋರ್ಡ್ ಬರೆಯುವ ಪೇಂಟರ್ ಒಬ್ಬನೇ. ಏಣಿ ಹತ್ತಿ, ಬ್ರಶ್ ಅದ್ದಿ, ಕೆಳಗೆ ನಿಂತ ಹೊಸ ತಾಲ್ಲೂಕು ಅಧ್ಯಕ್ಷರನ್ನು ಕೇಳುತ್ತಾನೆ:

‘ಅಣ್ಣಾ, ಹಳೇ ಹೆಸರು ಕೆರೆದು ತೆಗೀಲಾ, ಇಲ್ಲ ಮೇಲೇ ಬಳೀಲಾ?’

‘ಮೇಲೇ ಬಳಿ ಮಾರಾಯ. ತೆಳ್ಳಗೆ ಬಳಿ. ನಾಳೆ ಕೆರೆದ್ರೆ ಸಿಗ್ಬೇಕು.’

ಕೆಜೆಪಿ ಒಂದನ್ನೇ ಬೈದರೆ ಉಳಿದವರಿಗೆ ಬೇಜಾರಾದೀತು. ಬಂಗಾರಪ್ಪನವರ ಕರ್ನಾಟಕ ಕಾಂಗ್ರೆಸ್ ಪಕ್ಷ 1994ರಲ್ಲಿ 10 ಸೀಟು ಗೆದ್ದಿತು. ಅವರು ಮುಂದೆ ಬದಲಿಸಿದ ಪಕ್ಷಗಳನ್ನು ಎಣಿಸಲು ಒಂದು ಕೈಯ ಬೆರಳು ಸಾಲವು. ಶ್ರೀರಾಮುಲು ಅವರ ಬಿಎಸ್‌ಆರ್ ಕಾಂಗ್ರೆಸ್‌ಗೆ 2013ರಲ್ಲಿ 4. ಜನಾರ್ದನ ರೆಡ್ಡಿಯವರ ಕಲ್ಯಾಣ ರಾಜ್ಯ ಪ್ರಗತಿ ಪಕ್ಷಕ್ಕೆ 2023ರಲ್ಲಿ 1, ಅದೂ ಗಂಗಾವತಿಯಲ್ಲಿ ಅವರದೇ ಸೀಟು. 2024ರ ಮಾರ್ಚಿನಲ್ಲಿ ಅದೂ ಬಿಜೆಪಿಯೊಳಗೆ ಸೇರಿತು. ಅದರ ಗುರುತು ಫುಟ್‌ಬಾಲ್. ಹಾಕಿ ಸ್ಟಿಕ್ಕಿನ ನಾಡಿಗೆ ಆ ಚೆಂಡು ಉರುಳಿಬರದಿದ್ದದ್ದೇ ಕ್ಷೇಮ. 1997ರಿಂದ ಇಲ್ಲಿ ಕೊಡವ ಒಕ್ಕಗಳ, ಅಂದರೆ ಮನೆತನಗಳ ನಡುವೆ ಹಾಕಿ ಪಂದ್ಯಾವಳಿ ನಡೆಯುತ್ತಿದೆ, ನೂರಾರು ಒಕ್ಕಗಳು ಆಡಿವೆ. ಮೊದಲ ಸುತ್ತಲ್ಲೇ ಸೋತ ಒಕ್ಕ ಫೈನಲ್ ಗೆದ್ದ ಒಕ್ಕದಲ್ಲಿ ವಿಲೀನವಾದ ದಾಖಲೆ ಮಾತ್ರ ಇಲ್ಲ.

ಬೇರೆ ದಾರಿ ಹಿಡಿದವರು ಕೊಡಗಿಗೂ ಹೊಸಬರಲ್ಲ. 1952ರಲ್ಲಿ ಇದು ಕೇಂದ್ರದ ಉಸ್ತುವಾರಿಯಲ್ಲಿದ್ದ ಪ್ರತ್ಯೇಕ ‘ಸಿ’ ದರ್ಜೆಯ ರಾಜ್ಯ. ಸುಮಾರು 2.3 ಲಕ್ಷ ಜನಕ್ಕೆ 24 ಶಾಸಕರು! ಮೈಸೂರಿನ ಜೊತೆ ಸೇರುವುದು ಬೇಡ ಎಂದ ಪಂದ್ಯಂಡ ಬೆಳ್ಯಪ್ಪ ಸ್ವಾತಂತ್ರ್ಯ ಹೋರಾಟದಲ್ಲಿ ಕಾಂಗ್ರೆಸ್ಸಿನ ಮುಂದಾಳು, ‘ಕೊಡಗಿನ ಗಾಂಧಿ’ ಎನಿಸಿಕೊಂಡವರು. ಅವರ ತಕ್ಕಡಿ ಗುರುತಿನ ಬಣ ಕಾಂಗ್ರೆಸ್ಸಿಗೆ ಎದುರಾಗಿ ನಿಂತು 9 ಸ್ಥಾನ ಗೆದ್ದಿತು. ಕಾಂಗ್ರೆಸ್ 15 ಗೆದ್ದಿತು, ಸಿ.ಎಂ. ಪೂಣಚ್ಚ ಮುಖ್ಯಮಂತ್ರಿಯಾದರು, 1956ರ ನವೆಂಬರ್ 1ಕ್ಕೆ ಕೊಡಗು ಮೈಸೂರಿಗೆ ಸೇರಿತು. ತಕ್ಕಡಿಯವರು ಸೋತದ್ದು ನಿಜ. ಆದರೆ ರಾಜ್ಯವೇ ವಿಲೀನವಾಗಿ ಹೋಗುವುದನ್ನು ತಡೆಯಲು ಪಕ್ಷ ಕಟ್ಟಿದವರು ಅವರು. ಈಗಿನವರು ಕಟ್ಟುವುದೇ ವಿಲೀನ ಮಾಡಲಿಕ್ಕೆ. ಆಗ ಚೌಕಾಸಿಗೆ ಸರಕೂ ಇರಲಿಲ್ಲ ಅನ್ನಿ: ಪೂಣಚ್ಚನವರ ಸಂಪುಟದಲ್ಲಿ ಅವರನ್ನೂ ಸೇರಿಸಿ ಮಂತ್ರಿಗಳು ಇಬ್ಬರೇ. ಈಗ 34ರವರೆಗೆ ಅವಕಾಶ ಇದೆ, ನಿಗಮ ಮಂಡಳಿ ಬೇರೆ.

ಇಪ್ಪತ್ತನಾಲ್ಕು ಹೋಗಿ ಈಗ ಜಿಲ್ಲೆಗೆ ಎರಡೇ ಸೀಟು. 2023ರಲ್ಲಿ ಎರಡೂ ಕಾಂಗ್ರೆಸ್ಸಿನ ಪಾಲಾದವು. ಅಲ್ಲಿ ಯಾರ ಮುನಿಸು ಹಣ್ಣಾಗುತ್ತದೋ, ಇಲ್ಲಿ ಯಾರ ಸಹನೆ ಮೀರುತ್ತದೋ, ಒಟ್ಟಿನಲ್ಲಿ ಹೊಸ ಪಕ್ಷವೊಂದು ಆಫೀಸಿಗೆ ಜಾಗ ಹುಡುಕುತ್ತ ಬಂದೇ ಬರುತ್ತದೆ. ಗೋಣಿಕೊಪ್ಪ, ಕುಶಾಲನಗರದ ಕಟ್ಟಡ ಮಾಲೀಕರು ಎಂದಿನಂತೆ ಹನ್ನೊಂದು ತಿಂಗಳ ಬಾಡಿಗೆ ಕರಾರಿಗೇ ಸಹಿ ಹಾಕಿಸಿಕೊಳ್ಳಲಿ. ಕೆಜೆಪಿಯ ಲೆಕ್ಕದಲ್ಲಿ ಎರಡು ತಿಂಗಳು ಹೆಚ್ಚಿಗೆ ಬೀಳುತ್ತದೆ. ಅದನ್ನು ಅಡ್ವಾನ್ಸಿನಲ್ಲೇ ಹಿಡಿದುಕೊಂಡರೆ ಆಯಿತು.