ಹಿನ್ನೆಲೆ ಸಂಗೀತ ತೆಗೆದು ನೋಡಿ

ಈಗಷ್ಟೇ ಒಂದು ಸ್ವತಂತ್ರ ಸಾಕ್ಷ್ಯಚಿತ್ರ ನೋಡಿದೆ. ನಿರೂಪಣೆಯಿಲ್ಲ, ಸಂಗೀತವಿಲ್ಲ. ಹೆಂಗಸೊಬ್ಬಳು ಮಾತಾಡುತ್ತಾಳೆ, ತೆರೆಯ ಮೇಲೆ ಸೂಜಿಗೆ ದಾರ ಪೋಣಿಸುವ ಅವಳ ಬೆರಳು ಮಾತ್ರ. ಎಷ್ಟು ಖುಷಿಯಾಯಿತೋ, "ಎಡಿಟಿಂಗ್ ಅರ್ಧಕ್ಕೇ ಬಿಟ್ಟಿದ್ದಾರೆ" ಅನ್ನುವ ಮಾತು ಕೇಳಿ ಅಷ್ಟೇ ಸಿಟ್ಟು ಬಂತು.

ಎಷ್ಟೋ ಸಾಕ್ಷ್ಯಚಿತ್ರಗಳಲ್ಲಿ ಸಂಗೀತ ಹಾಕುವುದೇ ಕಟ್‌ಗಳನ್ನು ಮುಚ್ಚುವುದಕ್ಕೆ. ಸಂದರ್ಶನದ ನಡುವಿನ ಕೆಮ್ಮು, ತೊದಲು ಕತ್ತರಿಸಿದಾಗ ಕೋಣೆಯ ಸದ್ದೂ ಜೊತೆಗೇ ಹೋಗುತ್ತದೆ. ಫ್ಯಾನಿನ ಗುಂಯ್ ಅನ್ನುವ ಸದ್ದು ಗಕ್ಕನೆ ನಿಂತು ಮತ್ತೆ ಶುರುವಾದರೆ ಯಾರ ಕಿವಿಯಾದರೂ ಹಿಡಿಯುತ್ತದೆ. ಅದಕ್ಕೇ ಪಿಯಾನೋ ತೇಪೆ.

ಪರಿಹಾರ ಕಷ್ಟದ್ದೇನಲ್ಲ, ರೂಮ್ ಟೋನ್, ಅಂದರೆ ಯಾರೂ ಮಾತಾಡದಾಗಿನ ಕೋಣೆಯ ಸದ್ದು. ಕತ್ತರಿಸಿದ ಕಡೆಯಲ್ಲೆಲ್ಲ ಅದನ್ನು ತುಂಬಿದರಾಯಿತು. ಸಾಮಾನು ಕಟ್ಟುವ ಮೊದಲು ಎಲ್ಲರೂ ಸುಮ್ಮನೆ ನಿಂತು 60 ಸೆಕೆಂಡ್ ರೆಕಾರ್ಡ್ ಮಾಡಬೇಕು. ಅದೇ ಮೈಕ್, ಅದೇ ಜಾಗ, ಅದೇ ಗೇನ್ (ಮೈಕಿನ ಸದ್ದನ್ನು ಎಷ್ಟು ಹಿಗ್ಗಿಸಬೇಕೆಂಬ ಮಟ್ಟ). ಫ್ಯಾನ್ ಓಡುತ್ತಿದ್ದರೆ ಈಗಲೂ ಓಡಲಿ. ಆ ಮಟ್ಟವನ್ನು ಯಂತ್ರವೇ ಏರಿಳಿಸುವ ಆಟೋ ಗೇನ್ ಮಾತ್ರ ಆಫ್ ಇರಲೇಬೇಕು. ಇಲ್ಲದಿದ್ದರೆ ಮಾತು ನಿಂತ ಕೂಡಲೇ ಅದು ಮಟ್ಟ ಏರಿಸುತ್ತದೆ, ಹಿನ್ನೆಲೆಯ ಸುಯ್ ಸದ್ದು (ಹಿಸ್) ಉಬ್ಬುತ್ತದೆ, ಮುಂದಿನ ಪದ ಒಡೆದುಹೋಗುತ್ತದೆ. ರೆಕಾರ್ಡರಿನ ಸೆಟ್ಟಿಂಗ್ 48 ಕಿಲೋಹರ್ಟ್ಸ್, 24 ಬಿಟ್, ಮೀಟರಿನಲ್ಲಿ ಜೋರು ಮಾತು ಮೈನಸ್ 12 ಡೆಸಿಬಲ್ ಆಸುಪಾಸು, ಇಷ್ಟಿದ್ದರೆ ಸಾಕು.

ಪ್ರಯೋಗ ಶುರುವಾಗುವುದು ಇಲ್ಲಿಂದ. ಚಿತ್ರ ಆಫ್ ಮಾಡಿ ಮೊದಲು ಬರೀ ಧ್ವನಿಯನ್ನೇ ಎಡಿಟ್ ಮಾಡುವುದು. ಮುಂದಿನ ಜಾಗದ ಸದ್ದನ್ನು ಎರಡು ಮೂರು ಸೆಕೆಂಡ್ ಮೊದಲೇ ಒಳಗೆ ಬಿಡುವುದು. ಮಾತನ್ನು ಮುಖದಿಂದ ಬಿಡಿಸುವುದು: ಮುಖ ಕಂಡರೆ ನಾವು ತುಟಿ ನೋಡುತ್ತೇವೆ, ಕೈ ಕಂಡರೆ ಮಾತು ಕೇಳುತ್ತೇವೆ. ಆದರೆ ಅವಳು ಹೊಲಿಗೆಯ ಬಗ್ಗೆಯೇ ಮಾತಾಡುವಾಗ ಸೂಜಿ ತೋರಿಸಿದರೆ ಕೆಟ್ಟಿತು, ಅದು ಪಾಠದ ಚಿತ್ರವಾಗುತ್ತದೆ. ಧ್ವನಿಯ ರೆಕಾರ್ಡರ್ ಕ್ಯಾಮೆರಾದಿಂದ ಬೇರೆಯಿದ್ದರೆ, ಆಮೇಲೆ ಎರಡನ್ನೂ ಹೊಂದಿಸಲು ದೀರ್ಘ ಟೇಕ್‌ಗಳಲ್ಲಿ ಶುರುವಿಗೂ ಕೊನೆಗೂ ಚಪ್ಪಾಳೆ ಹೊಡೆಯಿರಿ. ಎರಡು ಯಂತ್ರಗಳ ಗಡಿಯಾರ ಒಂದೇ ವೇಗದಲ್ಲಿ ಓಡುವುದಿಲ್ಲ, ತುಟಿ ಮತ್ತು ಮಾತು ಮೆಲ್ಲಗೆ ಸರಿಯುತ್ತವೆ.

"ಸಾಕ್ಷ್ಯಚಿತ್ರ ಅಂದಮೇಲೆ ನಡೆದದ್ದನ್ನು ನಡೆದಂತೆ ತೋರಿಸಬೇಕಲ್ಲ?" ಅನ್ನುವವರಿಗೆ ಹೇಳುತ್ತೇನೆ. ಇನುಯಿಟ್ ಕುಟುಂಬವೊಂದರ ಬದುಕಿನ ಬಗೆಗಿನ 1922ರ ಹೆಸರಾಂತ ಸಾಕ್ಷ್ಯಚಿತ್ರ 'ನಾನೂಕ್ ಆಫ್ ದ ನಾರ್ತ್'ಗೆ ಹಿಮದ ಮನೆಯ ಒಂದು ಪಕ್ಕ ತೆರೆದೇ ಇಟ್ಟಿದ್ದರು, ಒಳಗೆ ಕ್ಯಾಮೆರಾಕ್ಕೆ ಜಾಗವೂ ಬೆಳಕೂ ಸಾಲದೆ. ಜೋಡಿಸದೆ ಆದ ಸಾಕ್ಷ್ಯಚಿತ್ರ ಯಾವುದಿದೆ? ಧ್ವನಿಯ ಪ್ರಯೋಗವೂ ಹೊಸದಲ್ಲ, ಸೋವಿಯತ್ ನಿರ್ದೇಶಕ ಜೀಗಾ ವೆರ್ಟೊವ್ 1931ರ 'ಎಂಥೂಸಿಯಾಸಮ್' ಚಿತ್ರಕ್ಕೆ ಉಕ್ರೇನಿನ ಡಾನ್‌ಬಾಸ್ ಪ್ರದೇಶದ ಗಣಿ, ಕಾರ್ಖಾನೆಗಳ ಸದ್ದನ್ನು ಸ್ಥಳದಲ್ಲೇ ಹಿಡಿದು ಚಿತ್ರದ ಜೊತೆ ಬೇಕಾದಂತೆ ಕೂಡಿಸಿದ್ದ. ಇಷ್ಟು ವರ್ಷವಾದ ಮೇಲೂ "ಅರ್ಧಕ್ಕೇ ಬಿಟ್ಟಿದ್ದಾರೆ" ಅನ್ನುತ್ತೀರಲ್ಲ!

ನಿಜವಾದ ತೊಡಕು ಬೇರೆಯಿದೆ. ಯಂತ್ರದ ತಗ್ಗು ಗುಡುಗಿನಂಥ ಸದ್ದು ಫೋನ್ ಸ್ಪೀಕರಿನಲ್ಲಿ ಕೇಳಿಸುವುದೇ ಇಲ್ಲ, ಆ ಜಾಗ ಖಾಲಿ ಅನ್ನಿಸುತ್ತದೆ. ಮಾಡುವವರು ಮಿಕ್ಸಿಂಗ್ ಮುಗಿಸುವ ಮುನ್ನ ಒಮ್ಮೆ ಫೋನಿನಲ್ಲೂ ಕೇಳಿ. ನೋಡುವವರು ದಯವಿಟ್ಟು ಇಯರ್‌ಫೋನ್ ಹಾಕಿಕೊಂಡು ನೋಡಿ, ಆಮೇಲೆ ಬೇಕಾದರೆ ಬೈಯಿರಿ.