ಎಲ್ಲಾ ಸರಿ, ಬಾತ್‌ರೂಮ್ ಎಲ್ಲಿ?

ನಮ್ಮ ಭಾವ ಇದ್ದಾರಲ್ಲ, ಅವರಿಗೆ ಇನ್ಮೇಲೆ ದೋಣಿ ರೇಸಿನ ಸುದ್ದಿ ಹೇಳಲ್ಲ ಅಂತ ನಿನ್ನೆ ರಾತ್ರಿಯೇ ತೀರ್ಮಾನ ಮಾಡಿದೀನಿ. ನಾನು ವಾಂಡೇ ಗ್ಲೋಬ್ ಅನ್ನೋ ಹಾಯಿದೋಣಿ ರೇಸ್ ಬಗ್ಗೆ ಒಂದೇ ಉಸಿರಲ್ಲಿ ಹೇಳ್ತಾ ಇದ್ದೆ, ಫ್ರಾನ್ಸಿಂದ ಹೊರಟು ಒಬ್ಬೊಬ್ಬರೇ, ಎಲ್ಲೂ ನಿಲ್ಲದೆ ಭೂಮಿ ಸುತ್ತಿ ಬರ್ತಾರೆ, 1989ರಿಂದ ನಡೀತಿದೆ, ಹೋದ ಸಲ ಚಾರ್ಲಿ ಡಾಲಿನ್ 65 ದಿನ ತುಂಬೋ ಮೊದಲೇ ಮುಗಿಸಿಬಿಟ್ಟ ಅಂತ. ಭಾವ ತಲೆ ಅಲ್ಲಾಡಿಸಿ, "ಎಲ್ಲಾ ಸರಿ, ಬಾತ್‌ರೂಮ್ ಎಲ್ಲಿ?" ಅಂದ್ರು.

60 ಅಡಿ ಉದ್ದದ ಕಾರ್ಬನ್ ಫೈಬರ್ ದೋಣಿ, ಪಕ್ಕದಲ್ಲಿ ರೆಕ್ಕೆ ತರ ಇರೋ ಫಾಯಿಲ್ ಮೇಲೆ ಎದ್ದು ನೀರು ಬಿಟ್ಟು ಹಾರುತ್ತೆ ಭಾವ, ಅಂದೆ. "ಹಾರ್ಲಿ. ಬಾತ್‌ರೂಮ್?" ದೋಣಿ ದಿಕ್ಕು ಬದಲಿಸಿದಾಗೆಲ್ಲ ತೂಕ ಸರಿದೂಗಿಸೋಕೆ ಒಳಗಿರೋ ಹಾಯಿ, ಚೀಲ, ಊಟದ ಪ್ಯಾಕೆಟ್ ಎಲ್ಲಾ ಆ ಕಡೆಯಿಂದ ಈ ಕಡೆಗೆ ಕೈಯಲ್ಲೇ ಎಳೆದು ಹಾಕ್ಬೇಕು, ಅದೂ ಅರ್ಧ ನಿದ್ದೇಲಿ, ಅಂದೆ. "ಅದರ ಮಧ್ಯೆ ಅವಸರ ಆದ್ರೆ?" 1992ರ ರೇಸಲ್ಲಿ ಬರ್ಟ್ರಾಂಡ್ ಡಿ ಬ್ರಾಕ್ ಅನ್ನೋನು ನಾಲಿಗೆ ಸೀಳಿಕೊಂಡು, ಡಾಕ್ಟ್ರು ದೂರದಿಂದ ಮೆಸೇಜಲ್ಲಿ ಹೇಳಿಕೊಟ್ಟ ಹಾಗೆ ತಾನೇ ಹೊಲಿಗೆ ಹಾಕ್ಕೊಂಡ ಅಂದೆ. ಒಂದು ನಿಮಿಷ ಸುಮ್ಮನಿದ್ರು. ಗೆದ್ದೆ ಅಂದ್ಕೊಂಡೆ. "ಪಾಪ" ಅಂದ್ರು, "ಅವನಿಗಾದ್ರೂ ಬಾತ್‌ರೂಮ್ ಇತ್ತಾ?"

ಬಕೆಟ್ ಭಾವ, ಬಕೆಟ್! ಅಷ್ಟು ಕೋಟಿ ಸುರಿದು ಕಟ್ಟಿದ ದೋಣೀಲಿ ತೂಕ ಉಳಿಸೋಕೆ ಬಕೆಟ್!

ನಿಜ ಹೇಳ್ಬೇಕಂದ್ರೆ ನನಗೆ ಆ ದೋಣಿಗಳಲ್ಲಿ ಬೇಕಾಗಿದ್ದು ಬೇರೇನೇ. ಎರಡು ತಿಂಗಳು ಯಾರೂ ಬಂದು ಪಕ್ಕದಲ್ಲಿ ಕೂತು ಪ್ರಶ್ನೆ ಕೇಳಲ್ಲ ಅನ್ನೋದು. ಆಮೇಲೆ ನೋಡಿದ್ರೆ ಅಲ್ಲೂ ಸ್ಯಾಟಲೈಟ್ ಇಂಟರ್ನೆಟ್ ಇದೆ, ದಕ್ಷಿಣ ಸಾಗರದ ಅಲೆ ಮಧ್ಯೆ ಕೂತು ವಿಡಿಯೋ ಮಾಡಿ ಕಳಿಸ್ತಿರ್ತಾರೆ, ನಿದ್ದೆ ಅಂದ್ರೆ ಎಷ್ಟೋ ಸಲ ಒಟ್ಟಿಗೆ ಅರ್ಧ ಗಂಟೇನೂ ಸಿಗಲ್ಲ, ದೋಣಿಯ ಗಲಾಟೆ ತಡೆಯಕ್ಕಾಗದೆ ಕಿವಿಗೆ ಹೆಡ್‌ಫೋನ್ ಬೇರೆ. ಸಮುದ್ರದ ನಡುವೆಯೂ ನೆಮ್ಮದಿ ಇಲ್ಲ ಅಂದ್ರೆ ಮನುಷ್ಯ ಎಲ್ಲಿಗೆ ಹೋಗ್ಬೇಕು?

"ಆ ಬಕೆಟ್ ಅಲೆಗೆ ಕೊಚ್ಕೊಂಡು ಹೋದ್ರೆ?" ಭಾವ ಇನ್ನೂ ಅಲ್ಲೇ ಇದ್ರು. ಹೊರಗಿನವರ ಸಹಾಯ ತಗೊಳ್ಳೋ ಹಾಗಿಲ್ಲ, ಯಾರಾದ್ರೂ ಬಕೆಟ್ ಕೊಟ್ರೂ ರೇಸಿಂದ ಔಟ್, ಅಂದೆ.

"ಹಾಗಾದ್ರೆ ಎರಡು ತಗೊಂಡು ಹೋಗ್ಬೇಕಪ್ಪ."

ತೂಕ ಭಾವ, ತೂಕ.