ಆ ವಿನಯವನ್ನೇ ನಂಬಬೇಕಾ?

ಖಗೋಳ ವಿಜ್ಞಾನಿ ಕ್ಯಾರೊಲಿನ್ ಹರ್ಷೆಲ್ ತಮ್ಮ ಅಣ್ಣ, ಖಗೋಳ ವಿಜ್ಞಾನಿ ವಿಲಿಯಂ ಹರ್ಷೆಲ್ ಅವರ ಸಹಾಯಕಿಯಾಗಿಯೇ ತೃಪ್ತರಾಗಿದ್ದರು, ಅವರ ನೆನಪಿನ ಬರಹಗಳೇ ಅದಕ್ಕೆ ಸಾಕ್ಷಿ ಅಂತ ಅವರ ಬಗೆಗಿನ ಒಂದು ಲೇಖನದಲ್ಲಿದೆ. ಇದನ್ನು ಒಪ್ಪೋದು ಕಷ್ಟ. ಪಳಗಿಸಿದ ನಾಯಿಮರಿ ಮಾಡುವಷ್ಟನ್ನೇ ಮಾಡಿದೆ ಎಂದು ಅವರು ಬರೆದುಕೊಂಡಿದ್ದು ನಿಜ. ಆದರೆ ಎಂಟು ಧೂಮಕೇತು ಗುರುತಿಸಿದವರು ಅವರು! 1787ರಲ್ಲಿ ಬ್ರಿಟನ್ ರಾಜ ಮೂರನೇ ಜಾರ್ಜ್ ವರ್ಷಕ್ಕೆ 50 ಪೌಂಡ್ ಸಂಬಳ ಗೊತ್ತು ಮಾಡಿದ್ದು ಸುಮ್ನೆ ಅಲ್ಲ. ಹುಟ್ಟೂರಾದ ಜರ್ಮನಿಯ ಹ್ಯಾನೋವರ್‌ನಲ್ಲಿ ತಾಯಿ ಇದೇ ಮಗಳನ್ನು ಮನೆಗೆಲಸಕ್ಕೇ ಕಟ್ಟಿಹಾಕಲು ನೋಡಿದ್ದರು.

ಲೇಖಕರು ಬಿಟ್ಟಿರುವ ಇನ್ನೊಂದು ವಿಷಯ: 1788ರಲ್ಲಿ ಅಣ್ಣನ ಮದುವೆಯಾಯಿತು, ಮನೆಯ ಯಜಮಾನಿಕೆ ಅತ್ತಿಗೆಗೆ ಹೋಯಿತು. ಅಲ್ಲಿಂದ ಸುಮಾರು ಹತ್ತು ವರ್ಷದ ದಿನಚರಿಯನ್ನು ಕ್ಯಾರೊಲಿನ್ ತಾವೇ ನಾಶ ಮಾಡಿದರು. ಉಳಿದ ಪುಟಗಳಲ್ಲಿ ಸಿಟ್ಟು ಕಾಣಲ್ಲ ಅಂದಮಾತ್ರಕ್ಕೆ ಸಿಟ್ಟೇ ಇರಲಿಲ್ಲ ಅನ್ನೋದು ಸ್ವಲ್ಪ ಜಾಸ್ತಿ ಆಯ್ತು, ಅಲ್ವಾ?